ಗಂಡಸಿನ ಕಣ್ಣೀರಿಗೆ ಮೂರು ರಹದಾರಿ

ಅಳುವ ಗಂಡಸನ್ನೂ ನಗುವ ಹೆಂಗಸನ್ನೂ ನಂಬಬಾರದು ಎಂಬ ಗಾದೆಯನ್ನು ಕೇಳದೆ ಬೆಳೆದ ಕನ್ನಡಿಗರು ಕಡಿಮೆ. ಎರಡು ಅನ್ಯಾಯಗಳನ್ನು ಒಂದೇ ಉಸಿರಿನಲ್ಲಿ ಹೇಳಿ ಮುಗಿಸುವ ಗಾದೆ ಇದು. ಹೆಂಗಸಿನ ನಗುವಿನ ಮೇಲಿನ ಅನುಮಾನವನ್ನು ನಮ್ಮ ಲೇಖಕಿಯರು ಹಲವು ದಶಕಗಳಿಂದ ತರಾಟೆಗೆ ತೆಗೆದುಕೊಂಡಿದ್ದಾರೆ; ಈಗ ಅದನ್ನು ನಾಲ್ಕು ಜನರ ಮುಂದೆ ಹೇಳಲು ಯಾರಿಗಾದರೂ ಸಂಕೋಚವಾದೀತು. ಗಂಡಸಿನ ಅಳುವಿನ ಮೇಲಿನ ಅನುಮಾನ ಮಾತ್ರ ಹೆಚ್ಚುಕಡಿಮೆ ಹಾಗೆಯೇ ಉಳಿದಿದೆ. ಕಡಲು ದಾಟಿ ಬರುವಾಗ ಚಟ್ನಿಪುಡಿ, ಹುಳಿಪುಡಿಗಳ ಜೊತೆಗೆ ನಾವು ಅದನ್ನೂ ಕಟ್ಟಿಕೊಂಡೇ ಬಂದೆವು.

ಬಂದಿಳಿದ ಅಮೆರಿಕದಲ್ಲೂ ಅದೇ ಮಾತು ಬೇರೆ ವೇಷದಲ್ಲಿ ಕಾದು ಕುಳಿತಿತ್ತು. ಇಲ್ಲಿಯ ಗಂಡುಮಕ್ಕಳೂ ಬಿದ್ದಾಗ ಅಳಬಾರದು, ಧೂಳು ಕೊಡವಿಕೊಂಡು ಏಳಬೇಕು ಎಂದೇ ಕಲಿತವರು. ಆದರೆ ಈ ದೇಶದ ಒಂದು ಬಗೆಯ ಸಿನಿಮಾ ಈ ಕಟ್ಟಳೆಯನ್ನು ಆಗಾಗ ಸಡಿಲಿಸುತ್ತ ಬಂದಿದೆ. ಆಟ ಮತ್ತು ಪ್ರೇಮ ಎರಡನ್ನೂ ಒಂದೇ ಕಥೆಯಲ್ಲಿ ಹೆಣೆಯುವ ಸಿನಿಮಾ ಅದು. ಮೈದಾನದಲ್ಲಿ ಗಂಡಸು ತನ್ನ ಭಯವನ್ನು ಮುಚ್ಚಿಡಬೇಕು. ಎದುರಾಳಿಗೆ ಅದು ಕಂಡರೆ ಆಟ ಕೆಟ್ಟಂತೆ. ಪ್ರೇಮದಲ್ಲಿ ಅದೇ ಭಯವನ್ನು ಬಿಚ್ಚಿಡಬೇಕು. ಬಿಚ್ಚಿಡದಿದ್ದರೆ ಪ್ರೇಮ ಕೆಟ್ಟಂತೆ. ಈ ಎರಡು ಪರೀಕ್ಷೆಗಳ ನಡುವೆ ಸಿಕ್ಕಿಕೊಂಡ ನಾಯಕನಿಗೆ ಎಷ್ಟು ದುರ್ಬಲನಾಗಲು ಅವಕಾಶವಿತ್ತು ಎಂಬುದನ್ನು ನೋಡಿದರೆ, ಆಯಾ ಕಾಲದ ಸಮಾಜ ಗಂಡಸಿಗೆ ಎಷ್ಟು ಸಡಿಲ ಬಿಟ್ಟಿತ್ತು ಎಂಬುದೂ ತಿಳಿಯುತ್ತದೆ.

ಈ ದೃಷ್ಟಿಯಿಂದ ಮೂರು ಚಿತ್ರಗಳು ನನಗೆ ಮುಖ್ಯವಾಗಿ ಕಾಣುತ್ತವೆ: 1942ರ ‘ದಿ ಪ್ರೈಡ್ ಆಫ್ ದಿ ಯಾಂಕೀಸ್’, 1976ರ ‘ರಾಕಿ’, 1996ರ ‘ಜೆರಿ ಮೆಗ್ವೈರ್’. ಮೂರರಲ್ಲೂ ನಾಯಕನ ಎದೆ ತೆರೆದುಕೊಳ್ಳುತ್ತದೆ. ಆದರೆ ಸುಮ್ಮನೆ ಅಲ್ಲ, ಪ್ರತಿ ಸಲವೂ ಒಂದು ರಹದಾರಿ ಬೇಕಾಯಿತು. ಮೊದಲ ಸಲ ಸಾವು, ಎರಡನೆಯ ಸಲ ಸೋಲು, ಮೂರನೆಯ ಸಲ ಕೆಲಸ ಹೋದದ್ದು. ಮೂರು ರಹದಾರಿಗಳೂ ನಡೆಯುತ್ತಿದ್ದದ್ದು ಬಹುಮಟ್ಟಿಗೆ ಒಂದೇ ಬಾಗಿಲಲ್ಲಿ, ಪ್ರೀತಿಸುವ ಹೆಂಗಸಿನ ಮುಂದೆ. ಗಂಡಸು ಗಂಡಸಿನ ಮುಂದೆ ಮನಸ್ಸು ಬಿಚ್ಚುವ ಹೊತ್ತಿಗೆ ಸಿನಿಮಾ ನಾಚಿ ಮುಖ ತಿರುಗಿಸಿಕೊಂಡಿತು. ನಮ್ಮ ಇಂದಿನ ಬದುಕಿಗೆ ಈ ಇತಿಹಾಸ ತಾಗುವುದು ಅಲ್ಲಿಯೇ.

ಮೊದಲನೆಯದು: ಸಾವು

ಲೂ ಗೆರಿಗ್ ನ್ಯೂಯಾರ್ಕಿಗೆ ವಲಸೆ ಬಂದ ಜರ್ಮನ್ ದಂಪತಿಯ ಮಗ. ಯಾಂಕೀಸ್ ತಂಡಕ್ಕಾಗಿ 1925ರಿಂದ 1939ರವರೆಗೆ ಒಂದನ್ನೂ ತಪ್ಪಿಸದೆ ಸತತವಾಗಿ 2,130 ಪಂದ್ಯ ಆಡಿದವರು. ಜನ ಅವರನ್ನು ಕಬ್ಬಿಣದ ಕುದುರೆ ಎಂದು ಕರೆಯುತ್ತಿದ್ದರು. ಬೆರಳು ಮುರಿದರೂ ಬೆನ್ನು ಹಿಡಿದರೂ ಆಡಿದ ಆ ದೇಹ 1939ರ ವಸಂತದಲ್ಲಿ ಇದ್ದಕ್ಕಿದ್ದಂತೆ ಮಾತು ಕೇಳದಾಯಿತು. ಮೇ 2ರಂದು ಡೆಟ್ರಾಯಿಟ್‌ನಲ್ಲಿ ಅವರೇ ಮುಂದಾಗಿ ತಂಡದಿಂದ ತಮ್ಮ ಹೆಸರು ತೆಗೆಸಿದರು. ಜೂನ್ 19ರಂದು, ಅವರ 36ನೆಯ ಹುಟ್ಟುಹಬ್ಬದ ದಿನ, ಮೇಯೊ ಕ್ಲಿನಿಕ್ಕಿನ ವೈದ್ಯರು ರೋಗದ ಹೆಸರು ಹೇಳಿದರು. ಸ್ನಾಯುಗಳನ್ನು ಆಳುವ ನರಗಳು ಒಂದೊಂದಾಗಿ ಸಾಯುವ, ಮದ್ದಿಲ್ಲದ ಆ ಕಾಯಿಲೆಯನ್ನು ಅಮೆರಿಕದಲ್ಲಿ ಇಂದಿಗೂ ಗೆರಿಗ್ ಅವರ ಹೆಸರಿನಿಂದಲೇ ಕರೆಯುತ್ತಾರೆ.

ಜುಲೈ 4ರಂದು ಯಾಂಕೀ ಸ್ಟೇಡಿಯಮ್ಮಿನಲ್ಲಿ, ಒಂದೇ ದಿನದ ಎರಡು ಪಂದ್ಯಗಳ ನಡುವೆ, ಬೀಳ್ಕೊಡುಗೆ ನಡೆಯಿತು. ಸೇರಿದ್ದವರು 61,000ಕ್ಕೂ ಹೆಚ್ಚು ಜನ. ಗೆರಿಗ್ ಅವರಿಗೆ ಮೊದಲು ಮಾತೇ ಹೊರಡಲಿಲ್ಲ. ಅವರಿಂದ ಮಾತನಾಡಲು ಆಗುತ್ತಿಲ್ಲ ಎಂದು ನಿರೂಪಕರು ಹೇಳಿದರೂ ಜನ ಬಿಡಲಿಲ್ಲ. ಕೊನೆಗೆ ಮೈಕಿನ ಮುಂದೆ ಬಂದು, ಈ ಭೂಮಿಯ ಮೇಲೆ ನನ್ನಷ್ಟು ಅದೃಷ್ಟವಂತ ಇಲ್ಲ ಎಂಬ ಅರ್ಥದ ಮಾತನ್ನು ಹೇಳಿ, ಸಹ ಆಟಗಾರರಿಂದ ಹಿಡಿದು ಮೈದಾನ ನೋಡಿಕೊಳ್ಳುವ ಕೆಲಸಗಾರರು ಮತ್ತು ತಮ್ಮ ಅತ್ತೆಯವರೆಗೆ ಎಲ್ಲರನ್ನೂ ನೆನೆದರು. ತಲೆ ತಗ್ಗಿಸಿ ಕರವಸ್ತ್ರದಿಂದ ಕಣ್ಣೊರೆಸಿಕೊಳ್ಳುತ್ತಿರುವ ಅವರ ಫೋಟೊ ಬಹಳ ಪ್ರಸಿದ್ಧ. ಅದೇ ದಿನದ ಇನ್ನೊಂದು ಫೋಟೊ ಇದೆ. ಮನೆಮಟ್ಟದ ಮನಸ್ತಾಪದಿಂದ ಕೆಲವು ವರ್ಷ ಮಾತು ಬಿಟ್ಟಿದ್ದ ಹಳೆಯ ಗೆಳೆಯ ಬೇಬ್ ರೂತ್ ಅಂದು ಬಂದು ಗೆರಿಗ್ ಅವರ ಕುತ್ತಿಗೆಗೆ ಕೈಹಾಕಿ ಬಾಚಿ ತಬ್ಬಿಕೊಂಡರು. ಇಬ್ಬರು ಗಂಡಸರು, ಅರುವತ್ತು ಸಾವಿರ ಜನರ ಮುಂದೆ.

ಗೆರಿಗ್ 1941ರ ಜೂನ್ 2ರಂದು ತೀರಿಕೊಂಡರು. ಮರುವರ್ಷವೇ ಸ್ಯಾಮ್ಯುವೆಲ್ ಗೋಲ್ಡ್‌ವಿನ್ ನಿರ್ಮಾಣದಲ್ಲಿ, ಸ್ಯಾಮ್ ವುಡ್ ನಿರ್ದೇಶನದಲ್ಲಿ ಚಿತ್ರ ಬಂತು. ಬೇಸ್‌ಬಾಲಿನ ಗಂಧವಿಲ್ಲದ ಗೋಲ್ಡ್‌ವಿನ್ ಮೊದಲು ಕಥೆಯನ್ನು ಬೇಡವೆಂದರಂತೆ. ಬೀಳ್ಕೊಡುಗೆಯ ನ್ಯೂಸ್‌ರೀಲ್ ತೋರಿಸಿದಾಗ ಕಣ್ಣಲ್ಲಿ ನೀರು ತಂದುಕೊಂಡು ಒಪ್ಪಿದರಂತೆ. ಗೆರಿಗ್ ಆಗಿ ಗ್ಯಾರಿ ಕೂಪರ್, ಪತ್ನಿ ಎಲಿನರ್ ಆಗಿ ಟೆರೆಸಾ ರೈಟ್; ಬೇಬ್ ರೂತ್ ತಮ್ಮ ಪಾತ್ರವನ್ನು ತಾವೇ ಮಾಡಿದರು. ಬೇಸ್‌ಬಾಲಿಗಿಂತ ದಾಂಪತ್ಯವೇ ಚಿತ್ರದಲ್ಲಿ ದೊಡ್ಡದು. ಗಂಡ ತನ್ನ ಕಾಯಿಲೆಯನ್ನು ಹೆಂಡತಿಯಿಂದ ಮುಚ್ಚಿಡುತ್ತಾನೆ. ಅವಳಿಗೆ ತಿಳಿದಿದೆ, ಆದರೆ ತಿಳಿಯದವಳಂತೆ ನಗುತ್ತಾಳೆ. ಒಬ್ಬರು ಇನ್ನೊಬ್ಬರಿಗೆ ನೋವಾಗದಿರಲೆಂದು ಹೂಡುವ ಈ ನಾಟಕ ಚಿತ್ರದ ಜೀವ.

ಕಾಲವನ್ನೂ ಗಮನಿಸಬೇಕು. ಪರ್ಲ್ ಹಾರ್ಬರಿನ ದಾಳಿಯಾಗಿ ಏಳು ತಿಂಗಳಾಗಿತ್ತು. ಚಿತ್ರದ ಆರಂಭದಲ್ಲೇ ಗೆರಿಗ್ ಸಾವನ್ನು ಎದುರಿಸಿದ ರೀತಿಯನ್ನು ರಣರಂಗದಲ್ಲಿ ಸಾಯುತ್ತಿರುವ ತರುಣರ ಧೈರ್ಯಕ್ಕೆ ಹೋಲಿಸುವ ಬರಹ ಬರುತ್ತದೆ. ಆಟಗಾರನ ಕಣ್ಣೀರಿಗೆ ಹೀಗೆ ಸೈನಿಕನ ಸಮವಸ್ತ್ರ ತೊಡಿಸಿದಂತಾಯಿತು. ನಿಜವಾದ ಭಾಷಣದಲ್ಲಿ ಆರಂಭದಲ್ಲೇ ಬಂದಿದ್ದ ಅದೃಷ್ಟದ ಮಾತನ್ನು ಚಿತ್ರದಲ್ಲಿ ಕೊನೆಗೆ ಒಯ್ದರು. ದುಃಖದಲ್ಲಿ ಶುರುವಾದ ಮಾತು ಸ್ಥೈರ್ಯದಲ್ಲಿ ಮುಗಿಯಬೇಕಿತ್ತು. 1943ರಲ್ಲಿ ಪೆಸಿಫಿಕ್ ಪ್ರಾಂತದ ಸೈನಿಕರನ್ನು ರಂಜಿಸಲು ಹೋದ ಕೂಪರ್ ಅವರನ್ನು ಆ ಹುಡುಗರು ಕೇಳಿದ್ದು ಹಾಡನ್ನಲ್ಲ, ಹಾಸ್ಯವನ್ನಲ್ಲ, ಗೆರಿಗ್ ಭಾಷಣವನ್ನು. ಅವರು ಹೇಳಿದರು, ಹುಡುಗರು ಮಳೆಯಲ್ಲಿ ಕುಳಿತು ಕೇಳಿದರು. ನಾಳೆ ಇರುತ್ತೇವೋ ಇಲ್ಲವೋ ಎಂಬ ಹುಡುಗರಿಗೆ ಅಳಲು ಮರ್ಯಾದೆಯ ನೆಪವೊಂದು ಬೇಕಿತ್ತು.

ಮೊದಲ ರಹದಾರಿಯ ಷರತ್ತು ಇದು: ಸಾಯುತ್ತಿರುವ ಗಂಡಸು ಅಳಬಹುದು, ಅದೂ ಒಮ್ಮೆ ಮಾತ್ರ, ಅತ್ತ ಮೇಲೆ ಕತ್ತಲೆಯೊಳಗೆ ನಡೆದುಬಿಡಬೇಕು. ಚಿತ್ರದ ಕೊನೆಯಲ್ಲಿ ಗೆರಿಗ್ ಮಾಡುವುದೂ ಅದನ್ನೇ. ಉಳಿದು ಬಾಳಬೇಕಾದ ಗಂಡಸಿಗೆ ಈ ರಹದಾರಿ ಕೆಲಸಕ್ಕೆ ಬರುತ್ತಿರಲಿಲ್ಲ.

ಎರಡನೆಯದು: ಸೋಲು

ಉಳಿದು ಬಾಳುವವನು ಅತ್ತರೆ ಏನಾಗುತ್ತದೆ ಎಂಬುದಕ್ಕೆ 1972ರ ರಾಜಕೀಯ ಸಾಕ್ಷಿ. ಡೆಮಾಕ್ರಟಿಕ್ ಪಕ್ಷದ ಅಧ್ಯಕ್ಷೀಯ ಅಭ್ಯರ್ಥಿಯಾಗುವ ಓಟದಲ್ಲಿ ಮುಂಚೂಣಿಯಲ್ಲಿದ್ದವರು ಮೇಯ್ನ್ ರಾಜ್ಯದ ಸೆನೆಟರ್ ಎಡ್ಮಂಡ್ ಮಸ್ಕಿ. ಫೆಬ್ರುವರಿ 26ರಂದು ಹಿಮ ಬೀಳುತ್ತಿರುವಾಗ, ನ್ಯೂಹ್ಯಾಂಪ್‌ಶೈರಿನ ಪತ್ರಿಕಾ ಕಚೇರಿಯೊಂದರ ಹೊರಗೆ ನಿಂತು, ತಮ್ಮ ಹೆಂಡತಿಯ ಬಗ್ಗೆ ಬಂದ ಬರಹವನ್ನು ಖಂಡಿಸುವಾಗ ಅವರ ಗಂಟಲು ಕಟ್ಟಿತು. ಮಸ್ಕಿ ಅತ್ತರೆಂದು ವರದಿಯಾಯಿತು. ಮುಖದ ಮೇಲಿದ್ದದ್ದು ಕರಗಿದ ಹಿಮ ಎಂದು ಅವರು ಹೇಳಿದರು. ಕಣ್ಣೀರೋ ಹಿಮವೋ, ಇಂಥವನು ದೇಶ ಆಳಬಲ್ಲನೇ ಎಂಬ ಪ್ರಶ್ನೆ ಎದ್ದಿತು, ಅವರ ಓಟ ಕುಂಟಿತು. ಹೆಂಡತಿಯ ಮಾನಕ್ಕಾಗಿ ಕೈ ಎತ್ತಿದ್ದರೆ ಬಹುಶಃ ಮೆಚ್ಚುತ್ತಿದ್ದರು. ಕಣ್ಣು ಒದ್ದೆಯಾದದ್ದು ತಪ್ಪಾಯಿತು.

ಇದಕ್ಕೆ ಮೂರು ತಿಂಗಳ ಹಿಂದಷ್ಟೇ ಅದೇ ಅಮೆರಿಕದ ಗಂಡಸರು ಟಿವಿಯ ಮುಂದೆ ಕುಳಿತು ಅತ್ತಿದ್ದರು. 1971ರ ನವೆಂಬರ್ 30ರಂದು ಪ್ರಸಾರವಾದ ‘ಬ್ರಯಾನ್ಸ್ ಸಾಂಗ್’ ಚಿತ್ರದಲ್ಲಿ ಷಿಕಾಗೊ ಬೇರ್ಸ್ ಫುಟ್‌ಬಾಲ್ ತಂಡದ ಇಬ್ಬರು ನಿಜ ಆಟಗಾರರ ಕಥೆಯಿತ್ತು: ಕಪ್ಪು ವರ್ಣೀಯ ಗೇಲ್ ಸೇಯರ್ಸ್, ಬಿಳಿಯ ಬ್ರಯಾನ್ ಪಿಕೊಲೊ. ಒಂದೇ ಕೋಣೆ ಹಂಚಿಕೊಂಡ ಸ್ನೇಹಿತರು. ಪಿಕೊಲೊ 26ನೆಯ ವಯಸ್ಸಿನಲ್ಲಿ ಕ್ಯಾನ್ಸರಿನಿಂದ ತೀರಿಕೊಂಡರು. ಗಂಡಸು ಗಂಡಸಿನ ಮೇಲಿನ ಪ್ರೀತಿಯನ್ನು ಬಾಯಿಬಿಟ್ಟು ಹೇಳಿದ ಅಪರೂಪದ ಚಿತ್ರ ಅದು. ಆದರೆ ಅಲ್ಲಿಯೂ ಚಲಾವಣೆಯಾದದ್ದು ಸಾವಿನ ಹಳೆಯ ರಹದಾರಿಯೇ.

1976ರ ‘ರಾಕಿ’ ಹೊಸದೊಂದನ್ನು ತಂದಿತು. ಸಿಲ್ವೆಸ್ಟರ್ ಸ್ಟಲೋನ್ ತಾವೇ ಬರೆದು ನಟಿಸಿದ, ಜಾನ್ ಆವಿಲ್ಡ್‌ಸನ್ ನಿರ್ದೇಶಿಸಿದ, ಸುಮಾರು ಹತ್ತು ಲಕ್ಷ ಡಾಲರಿನಲ್ಲಿ ಮುಗಿಸಿದ ಸಣ್ಣ ಚಿತ್ರ. 1975ರ ಮಾರ್ಚ್ 24ರಂದು ಮುಹಮ್ಮದ್ ಅಲಿ ಎದುರು ಚಕ್ ವೆಪ್ನರ್ ಎಂಬ ಹೆಸರಿಲ್ಲದ ಬಾಕ್ಸರ್ ಹದಿನೈದನೆಯ ಸುತ್ತಿನವರೆಗೆ ನಿಂತದ್ದನ್ನು ನೋಡಿ ಸ್ಟಲೋನ್‌ಗೆ ಕಥೆ ಹೊಳೆಯಿತು. ವೆಪ್ನರ್ ಗೆಲ್ಲಲಿಲ್ಲ. ಆದರೆ ಮುಗಿಯಲು 19 ಸೆಕೆಂಡು ಉಳಿದಿರುವವರೆಗೆ ಕಾದಾಡಿದರು. ವಿಯೆಟ್ನಾಮ್ ಯುದ್ಧ ಸೋತು, ಅಧ್ಯಕ್ಷರೊಬ್ಬರು ರಾಜೀನಾಮೆ ಕೊಟ್ಟು ಹೋದ ಬಳಿಕದ ಅಮೆರಿಕಕ್ಕೆ ಗೆಲ್ಲುವವನಿಗಿಂತ ನಿಲ್ಲುವವನ ಕಥೆ ಬೇಕಾಗಿತ್ತು.

ರಾಕಿ ಬಾಲ್ಬೋವ ಫಿಲಡೆಲ್ಫಿಯದ ಬಡ ಬಾಕ್ಸರ್. ಹೊಟ್ಟೆಪಾಡಿಗೆ ಬಡ್ಡಿ ಸಾಲದವನ ಪರವಾಗಿ ವಸೂಲಿಗೆ ಹೋಗುವವನು. ಏಡ್ರಿಯನ್ ಸಾಕುಪ್ರಾಣಿ ಮಾರುವ ಅಂಗಡಿಯಲ್ಲಿ ಕೆಲಸ ಮಾಡುವ, ತಲೆಯೆತ್ತಿ ಮಾತನಾಡದ ಹೆಣ್ಣು. ಥ್ಯಾಂಕ್ಸ್‌ಗಿವಿಂಗ್ ರಾತ್ರಿ ಮುಚ್ಚಿದ ಸ್ಕೇಟಿಂಗ್ ಅಂಗಳವನ್ನು ಹತ್ತು ಡಾಲರ್ ಕೊಟ್ಟು ಹತ್ತು ನಿಮಿಷಕ್ಕೆ ತೆರೆಸುತ್ತಾನೆ. ಅವಳು ಸ್ಕೇಟ್ ಕಟ್ಟಿಕೊಂಡು ತಡವರಿಸುತ್ತಿದ್ದರೆ ಇವನು ಬರಿ ಬೂಟಿನಲ್ಲಿ ಪಕ್ಕದಲ್ಲಿ ಓಡುತ್ತ ಮಾತನಾಡುತ್ತಾನೆ. ನಿನಗೆ ತಲೆ ಇಲ್ಲ, ಮೈಯನ್ನಾದರೂ ಬೆಳೆಸು ಎಂದು ಅವನ ಅಪ್ಪ ಹೇಳಿದ್ದನಂತೆ. ನಿನಗೆ ಮೈಕಟ್ಟಿಲ್ಲ, ತಲೆಯನ್ನಾದರೂ ಬೆಳೆಸು ಎಂದು ಅವಳ ತಾಯಿ ಹೇಳಿದ್ದಳಂತೆ. ಒಂದೇ ಗಾಯದ ಎರಡು ತುಂಡುಗಳು ಮಂಜಿನ ಮೇಲೆ ಒಟ್ಟಿಗೆ ಸರಿಯುತ್ತವೆ.

ಚಿತ್ರದ ನಡುಮಧ್ಯದ ಕಂಬ ಯಾವುದೆಂದು ಕೇಳಿದರೆ ಹೆಚ್ಚಿನವರು ಫಿಲಡೆಲ್ಫಿಯದ ಮ್ಯೂಸಿಯಮ್ಮಿನ ಮೆಟ್ಟಿಲುಗಳನ್ನು ತೋರಿಸುತ್ತಾರೆ. ನನ್ನ ಎಣಿಕೆಯಲ್ಲಿ ಅದು ಪಂದ್ಯದ ಹಿಂದಿನ ರಾತ್ರಿಯ ದೃಶ್ಯ. ಖಾಲಿ ಕ್ರೀಡಾಂಗಣವನ್ನು ನೋಡಿ ಬಂದ ರಾಕಿ ಹಾಸಿಗೆಯ ಮೇಲೆ ಒರಗಿ, ತನ್ನಿಂದ ಗೆಲ್ಲಲಾಗದು ಎನ್ನುತ್ತಾನೆ. ಏಡ್ರಿಯನ್ ಸುಳ್ಳು ಧೈರ್ಯ ಹೇಳುವುದಿಲ್ಲ. ಹಾಗಾದರೆ ಏನು ಮಾಡೋಣ ಎಂದು ಕೇಳುತ್ತಾಳೆ. ಕೊನೆಯ ಗಂಟೆ ಬಾರಿಸುವವರೆಗೂ ನಿಂತಿದ್ದರೆ ತಾನು ಬೀದಿಯ ಪುಂಡರಲ್ಲಿ ಒಬ್ಬನಲ್ಲ ಎಂದು ತನಗೇ ಗೊತ್ತಾಗುತ್ತದೆ ಎಂಬುದು ಅವನ ಉತ್ತರ. ಮರುದಿನ ತೀರ್ಪುಗಾರರು ಅಪೋಲೊ ಕ್ರೀಡ್ ಗೆದ್ದನೆಂದು ಸಾರುತ್ತಾರೆ. ಆ ಘೋಷಣೆ ಗದ್ದಲದಲ್ಲಿ ಸರಿಯಾಗಿ ಕೇಳಿಸುವುದೂ ಇಲ್ಲ. ಊದಿದ ಕಣ್ಣಿನ ರಾಕಿ ಕೂಗುತ್ತಿರುವುದು ಏಡ್ರಿಯನ್ನಳ ಹೆಸರನ್ನು. ಸೋತರೂ ಪರವಾಗಿಲ್ಲ, ಹೆದರಿದೆನೆಂದು ಹೇಳಿದರೂ ಪರವಾಗಿಲ್ಲ, ಅದರ ಬಳಿಕವೂ ಬದುಕು ಇದೆ. ಇದು 1942ರಲ್ಲಿ ಇಲ್ಲದ ಸಡಿಲ.

ಹಾಗೆಂದು ಚಿತ್ರವನ್ನು ಆಕಾಶಕ್ಕೇರಿಸಬೇಕಿಲ್ಲ. ಮೊದಲ ಮುತ್ತಿನ ದೃಶ್ಯದಲ್ಲಿ ಹೊರಡಲೆತ್ನಿಸುವ ಏಡ್ರಿಯನ್ನಳಿಗೆ ರಾಕಿ ಬಾಗಿಲ ಬಳಿ ಅಡ್ಡ ನಿಲ್ಲುವುದನ್ನು ಇಂದು ನೋಡಿದರೆ ಕಸಿವಿಸಿಯಾಗುತ್ತದೆ. ಅಂಜುಬುರುಕನಾದ ಒಳ್ಳೆಯ ಗಂಡಸೂ ತನ್ನ ದೇಹದ ಗಾತ್ರ ಎದುರಿನವಳಿಗೆ ಏನು ಮಾಡುತ್ತದೆಂದು ಅರಿಯದವನು. ಇನ್ನೊಂದು ದೃಶ್ಯ ನನ್ನ ವಾದಕ್ಕೆ ಇನ್ನೂ ಮುಖ್ಯ. ವರ್ಷಗಟ್ಟಲೆ ಕಡೆಗಣಿಸಿದ ಮುದಿ ಗುರು ಮಿಕ್ಕಿ ಈಗ ರಾಕಿಯ ಕೋಣೆಗೆ ಬಂದು, ನನ್ನನ್ನು ಮ್ಯಾನೇಜರ್ ಮಾಡಿಕೋ ಎಂದು ಕೇಳುತ್ತಾನೆ. ಅವನು ಹೊರಬಿದ್ದ ಮೇಲೆ ರಾಕಿ ಗೋಡೆಗಳಿಗೆ ಕೇಳುವಂತೆ ತನ್ನ ಸಿಟ್ಟನ್ನೂ ಸಂಕಟವನ್ನೂ ಕಕ್ಕುತ್ತಾನೆ. ಬಳಿಕ ಓಡಿಹೋಗಿ ಬೀದಿಯಲ್ಲಿ ಅವನನ್ನು ಹಿಡಿದು ನಿಲ್ಲಿಸುತ್ತಾನೆ. ಅಲ್ಲಿ ಇಬ್ಬರೂ ಏನು ಮಾತನಾಡಿದರು? ನಮಗೆ ತಿಳಿಯುವುದಿಲ್ಲ. ಕ್ಯಾಮೆರಾ ದೂರದಲ್ಲೇ ನಿಂತುಬಿಡುತ್ತದೆ. ಇಬ್ಬರು ಕೈಕುಲುಕುವುದು ಮಾತ್ರ ಕಾಣುತ್ತದೆ. ಏಡ್ರಿಯನ್ನಳ ಹಾಸಿಗೆಯ ಅಂಚಿನವರೆಗೆ ನಮ್ಮನ್ನು ಕರೆದೊಯ್ದ ಚಿತ್ರ, ಗಂಡಸು ಗಂಡಸಿನ ಕ್ಷಮೆ ಕೇಳುವ ಗಳಿಗೆಯಲ್ಲಿ ನಮ್ಮನ್ನು ಬೀದಿಯ ಈಚೆಗೆ ನಿಲ್ಲಿಸುತ್ತದೆ.

ಆ ಸಡಿಲವೂ ಬಹಳ ದಿನ ಬಾಳಲಿಲ್ಲ. 1979ರ ಎರಡನೆಯ ಭಾಗದಲ್ಲಿ ಪ್ರಜ್ಞೆ ಮರಳಿದ ಏಡ್ರಿಯನ್ ಗಂಡನಿಗೆ ಗೆದ್ದು ಬಾ ಎನ್ನುತ್ತಾಳೆ, ಅವನು ಗೆಲ್ಲುತ್ತಾನೆ. 1985ರ ನಾಲ್ಕನೆಯ ಭಾಗದ ಹೊತ್ತಿಗೆ ಅವನ ಮೈ ಕಡೆದ ಕಲ್ಲಾಗಿದೆ, ಎದುರಾಳಿ ಸೋವಿಯತ್ ಯಂತ್ರಮಾನವನಂತಿದ್ದಾನೆ. ಮೂರನೆಯ ಭಾಗಕ್ಕಾಗಿ ಮಾಡಿಸಿದ ಕಂಚಿನ ಪ್ರತಿಮೆ ಫಿಲಡೆಲ್ಫಿಯಕ್ಕೆ ಉಳಿಯಿತು. ಊರಿನಿಂದ ಬರುವ ನಮ್ಮ ಅತಿಥಿಗಳೂ ಮ್ಯೂಸಿಯಮ್ಮಿನ 72 ಮೆಟ್ಟಿಲು ಹತ್ತಿ, ಪ್ರತಿಮೆಯಂತೆ ಎರಡೂ ಕೈ ಮೇಲೆತ್ತಿ ಫೋಟೊ ತೆಗೆಸಿಕೊಳ್ಳುತ್ತಾರೆ. ಹೆದರಿದೆನೆಂದು ಹೇಳಿಕೊಂಡ ರಾಕಿಯ ಪ್ರತಿಮೆಯನ್ನು ಯಾರೂ ಎರಕ ಹೊಯ್ಯಲಿಲ್ಲ.

ತಮಾಷೆಯ ಮರೆ

1988ರ ‘ಬುಲ್ ಡರ್ಹಾಮ್’ ಚಿತ್ರವನ್ನೂ ಇಲ್ಲಿ ನೆನೆಯಬೇಕು. ಇದರ ನಿರ್ದೇಶಕ ರಾನ್ ಷೆಲ್ಟನ್ ಸ್ವತಃ ಕೆಳಹಂತದ ಬೇಸ್‌ಬಾಲ್ ತಂಡಗಳಲ್ಲಿ ಆಡಿದವರು. ದೊಡ್ಡ ಲೀಗಿನ ಹೊಸ್ತಿಲವರೆಗೆ ಹೋಗಿ ಒಳಗೆ ಕಾಲಿಡಲಾಗದವರು. ಅವರ ನಾಯಕ ಕ್ರಾಷ್ ಡೇವಿಸ್ ಕೂಡ ಅಂಥವನೇ. ಕೆಳಲೀಗುಗಳಲ್ಲಿ ಅತಿ ಹೆಚ್ಚು ಹೋಮ್‌ರನ್ ಹೊಡೆದ ದಾಖಲೆ ಅವನ ಪಾಲಿಗೆ ಬರುತ್ತದೆ. ಇಷ್ಟು ಕಾಲವೂ ಕೆಳಗೇ ಉಳಿದೆ ಎಂಬುದಕ್ಕೆ ಸಿಕ್ಕ ಆ ದಾಖಲೆ ಅವನಿಗೆ ಹೆಮ್ಮೆಯಲ್ಲ, ಮುಜುಗರ. ಕೊನೆಗೆ ಸೋತು ಸುಸ್ತಾಗಿ ಅವನು ಬರುವುದು ಆ್ಯನಿ ಎಂಬ ಹೆಂಗಸಿನ ಮನೆಯ ಜಗಲಿಗೆ.

ಈ ಚಿತ್ರದ ಒಂದು ದೃಶ್ಯ ಪ್ರಸಿದ್ಧ. ಪಂದ್ಯದ ನಡುವೆ ಆಟಗಾರರೆಲ್ಲ ಬೌಲರನ ಸುತ್ತ ಗುಂಪುಗೂಡುತ್ತಾರೆ. ತಂತ್ರ ಹೂಡುತ್ತಿದ್ದಾರೆಂದು ನೋಡುವವರು ತಿಳಿಯಬೇಕು. ನಿಜದಲ್ಲಿ ಒಬ್ಬನ ಕೈಗವಸಿಗೆ ಮಾಟ ತಗುಲಿದೆ, ಒಬ್ಬನ ಅಪ್ಪ ಪಂದ್ಯ ನೋಡಲು ಬಂದು ಅವನಿಗೆ ಕೈಕಾಲು ಆಡುತ್ತಿಲ್ಲ, ಇನ್ನೊಬ್ಬನ ಮದುವೆಗೆ ಏನು ಉಡುಗೊರೆ ಕೊಡಬೇಕೆಂದು ತಿಳಿಯುತ್ತಿಲ್ಲ. ಗಂಡಸರು ಪರಸ್ಪರ ಕಷ್ಟ ಹೇಳಿಕೊಳ್ಳುವುದು ಕೊನೆಗೂ ತೆರೆಯ ಮೇಲೆ ಬಂತು, ತಮಾಷೆಯಾಗಿ. ನಗುವಿನ ಮರೆಯಿಲ್ಲದೆ ಅದನ್ನು ತೋರಿಸುವ ಧೈರ್ಯ ಆಗಲೂ ಬಂದಿರಲಿಲ್ಲ.

ಮೂರನೆಯದು: ಕೆಲಸ ಹೋದದ್ದು

1996 ಈ ಇತಿಹಾಸದಲ್ಲಿ ವಿಚಿತ್ರ ವರ್ಷ. ಕನ್ನಡಿಗರಿಗೆ ಆ ವರ್ಷವೆಂದರೆ ಮಾರ್ಚ್ 9, ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣ, ವಿಶ್ವಕಪ್ಪಿನ ಕ್ವಾರ್ಟರ್ ಫೈನಲ್. ಆಮಿರ್ ಸೊಹೈಲ್ ಬೌಂಡರಿ ಹೊಡೆದು ಬ್ಯಾಟು ತೋರಿಸಿದರು. ಮುಂದಿನ ಎಸೆತದಲ್ಲೇ ವೆಂಕಟೇಶ್ ಪ್ರಸಾದ್ ಅವರ ಸ್ಟಂಪ್ ಉರುಳಿಸಿ ಪೆವಿಲಿಯನ್ ದಾರಿ ತೋರಿಸಿದರು. ಸೌಮ್ಯ ಸ್ವಭಾವದ ನಮ್ಮ ಹುಡುಗನ ಆ ಒಂದು ಕ್ಷಣದ ಕೋಪವನ್ನು ನಾವು ಇಂದಿಗೂ ಚಪ್ಪರಿಸುತ್ತೇವೆ. ನಾಲ್ಕು ದಿನಗಳ ಬಳಿಕ, ಮಾರ್ಚ್ 13ರಂದು, ಕೋಲ್ಕತ್ತದ ಈಡನ್ ಗಾರ್ಡನ್ಸ್‌ನಲ್ಲಿ ಶ್ರೀಲಂಕಾ ಎದುರು ಭಾರತ 8 ವಿಕೆಟ್‌ಗೆ 120 ಆಗಿದ್ದಾಗ ಪ್ರೇಕ್ಷಕರು ಬಾಟಲಿ ಎಸೆದು ಬೆಂಕಿ ಹಚ್ಚಿದರು, ಪಂದ್ಯ ನಿಂತಿತು. ಅಜೇಯರಾಗಿ ಉಳಿದ ವಿನೋದ್ ಕಾಂಬ್ಳಿ ಅಳುತ್ತಲೇ ಮೈದಾನದಿಂದ ಹೊರನಡೆದರು. ಆ ಕಣ್ಣೀರನ್ನು ಗೇಲಿ ಮಾಡಿದವರು ಕಡಿಮೆಯಲ್ಲ. ಬೆಂಕಿ ಹಚ್ಚಿದವರ ಸಿಟ್ಟಿಗಿಂತ ಬ್ಯಾಟುಗಾರನ ಕಣ್ಣೀರು ಹೆಚ್ಚು ನಾಚಿಕೆಯದಾಗಿ ಕಂಡಿತು. ಕೋಪಕ್ಕೆ ನಮ್ಮಲ್ಲಿ ರಹದಾರಿ ಬೇಕಿಲ್ಲ, ದುಃಖಕ್ಕೆ ಬೇಕು.

ಅದೇ ವರ್ಷ ಜೂನ್ 16ರಂದು ಅಮೆರಿಕದಲ್ಲಿ ಅಪ್ಪಂದಿರ ದಿನ. ಮೈಕೆಲ್ ಜೋರ್ಡನ್ ಅವರ ಷಿಕಾಗೊ ಬುಲ್ಸ್ ತಂಡ ಅಂದು ಬ್ಯಾಸ್ಕೆಟ್‌ಬಾಲ್ ಪ್ರಶಸ್ತಿ ಗೆದ್ದಿತು. 1993ರಲ್ಲಿ ಅವರ ತಂದೆಯ ಕೊಲೆಯಾಗಿತ್ತು; ಅದಾದ ಮೇಲಿನ ಮೊದಲ ಪ್ರಶಸ್ತಿ ಇದು. ಜಗತ್ತಿನ ಅತಿ ಪ್ರಸಿದ್ಧ ಆಟಗಾರ ಡ್ರೆಸಿಂಗ್ ರೂಮಿನ ನೆಲದ ಮೇಲೆ ಬೋರಲಾಗಿ ಮಲಗಿ, ಚೆಂಡನ್ನು ಅಪ್ಪಿಕೊಂಡು ಬಿಕ್ಕಿಬಿಕ್ಕಿ ಅಳುವುದನ್ನು ಟಿವಿ ತೋರಿಸಿತು.

ಡಿಸೆಂಬರಿನಲ್ಲಿ ಕ್ಯಾಮರಾನ್ ಕ್ರೋ ಅವರ ‘ಜೆರಿ ಮೆಗ್ವೈರ್’ ಬಂತು. ಇದರ ನಾಯಕ ಆಟಗಾರನಲ್ಲ, ಆಟಗಾರರ ಏಜೆಂಟ್. 1993ರಲ್ಲಿ ಅಮೆರಿಕನ್ ಫುಟ್‌ಬಾಲಿನಲ್ಲಿ ಆಟಗಾರರಿಗೆ ಅವಧಿ ಮುಗಿದ ಮೇಲೆ ಬೇರೆ ತಂಡಕ್ಕೆ ಹೋಗುವ ಸ್ವಾತಂತ್ರ್ಯ ಸಿಕ್ಕಿ, ಕರಾರುಗಳ ಮೊತ್ತ ಏರಿ, ಏಜೆಂಟರ ಕಾಲ ಬಂದಿತ್ತು. ಟಾಮ್ ಕ್ರೂಸ್ ನಟಿಸಿದ ಜೆರಿ ಒಂದು ರಾತ್ರಿ ಆತ್ಮಸಾಕ್ಷಿ ಕೆಣಕಿ, ಕಡಿಮೆ ಗಿರಾಕಿಗಳನ್ನಿಟ್ಟುಕೊಂಡು ಅವರನ್ನು ಮನುಷ್ಯರಂತೆ ನೋಡಿಕೊಳ್ಳೋಣ ಎಂದು ಉದ್ದನೆಯ ಟಿಪ್ಪಣಿ ಬರೆದು ಕಚೇರಿಯವರಿಗೆಲ್ಲ ಹಂಚುತ್ತಾನೆ. ಎಲ್ಲರೂ ಚಪ್ಪಾಳೆ ತಟ್ಟುತ್ತಾರೆ. ಕೆಲವೇ ದಿನಗಳಲ್ಲಿ, ಊಟಕ್ಕೆ ಕರೆದು, ಅವನ ಶಿಷ್ಯನ ಬಾಯಿಂದಲೇ ಕೆಲಸದಿಂದ ತೆಗೆದುಹಾಕಿಸುತ್ತಾರೆ. ಅವನ ಹಿಂದೆ ಹೊರಡುವವಳು ಪುಟ್ಟ ಮಗನಿರುವ ವಿಧವೆ ಡೊರೊಥಿ ಒಬ್ಬಳೇ. ಉಳಿಯುವ ಗಿರಾಕಿ ರಾಡ್ ಟಿಡ್‌ವೆಲ್ ಎಂಬ ಕಪ್ಪು ಆಟಗಾರ ಒಬ್ಬನೇ.

ಬಾಕ್ಸಿಂಗಿನ ಸೋಲು ನೋಡುವವರಲ್ಲಿ ಹೆಚ್ಚಿನವರಿಗೆ ಅನುಭವವಲ್ಲ. ಕೆಲಸ ಹೋಗುವುದು ಅನುಭವ. ಕಂಪನಿಗಳು ಜನರನ್ನು ಗುಂಪುಗುಂಪಾಗಿ ಮನೆಗೆ ಕಳಿಸುವುದನ್ನು ಕಲಿತ ದಶಕ ಅದು. ಚಿತ್ರ ಗಂಡಸಿನ ಗಟ್ಟಿತನದ ಅಡಿಪಾಯವನ್ನೇ ತೋಡಿ ನೋಡಿತು: ಸಂಬಳ, ಹುದ್ದೆ, ರಿಂಗಣಿಸುವ ಫೋನು, ಇವು ಹೋದ ಮೇಲೆ ಉಳಿಯುವ ಗಂಡಸು ಯಾರು? ಒಂಟಿಯಾಗಿರಲು ಬಾರದ ಜೆರಿ, ಡೊರೊಥಿ ಬೇರೆ ಊರಿಗೆ ಹೊರಟು ನಿಂತಾಗ ಗಾಬರಿಯಿಂದ ಮದುವೆಯ ಮಾತು ಎತ್ತಿಬಿಡುತ್ತಾನೆ. ಅದಕ್ಕೆ ಪ್ರತಿಯಾಗಿ ರಾಡ್ ಮತ್ತು ಅವನ ಹೆಂಡತಿ ಮಾರ್ಸಿಯರ ದಾಂಪತ್ಯವಿದೆ. ಜಗಳ, ನಗು, ಕಣ್ಣೀರು ಎಲ್ಲವೂ ಅಲ್ಲಿ ದಿನದ ಅಡುಗೆಯಷ್ಟು ಸಹಜ. ಈ ಪಾತ್ರಕ್ಕೆ ಕ್ಯೂಬಾ ಗುಡಿಂಗ್ ಜೂನಿಯರ್ ಪೋಷಕ ನಟನ ಆಸ್ಕರ್ ಪಡೆದರು. ಕೊನೆಗೆ ಜೆರಿ ಓಡಿಬಂದು ತನ್ನ ಮನಸ್ಸು ಬಿಚ್ಚುವುದು ಎಲ್ಲಿ? ಗಂಡಂದಿರಿಂದ ಬೇರಾದ ಹೆಂಗಸರು ಸೇರಿ ಕಷ್ಟಸುಖ ಹಂಚಿಕೊಳ್ಳುತ್ತಿರುವ ನಡುಮನೆಯಲ್ಲಿ. ಗಂಡಸರಿಗೆ ಇಲ್ಲದ ಒಂದು ಸಂಸ್ಥೆಯನ್ನು ಆ ಹೆಂಗಸರು ತಾವೇ ಕಟ್ಟಿಕೊಂಡಿದ್ದಾರೆ. ಗಂಡಸು ಅಲ್ಲಿಗೆ ಬಂದು ಅದರ ಉಪಯೋಗ ಪಡೆಯುತ್ತಾನೆ.

ಅದಕ್ಕೆ ಸ್ವಲ್ಪ ಮುಂಚೆ ಇನ್ನೊಂದು ಘಟನೆ ನಡೆದಿರುತ್ತದೆ. ಪಂದ್ಯ ಗೆದ್ದು ಬಂದ ರಾಡ್, ಜೆರಿಯನ್ನು ಎಲ್ಲರೆದುರು ಬಾಚಿ ತಬ್ಬಿಕೊಳ್ಳುತ್ತಾನೆ. ಪಕ್ಕದಲ್ಲಿ ನಿಂತ ಇನ್ನೊಬ್ಬ ಆಟಗಾರ ತನ್ನ ಏಜೆಂಟನನ್ನು, ನಮ್ಮಿಬ್ಬರ ನಡುವೆ ಇಂಥದ್ದು ಯಾಕಿಲ್ಲ ಎಂದು ಕೇಳುತ್ತಾನೆ. 1939ರ ಸ್ಟೇಡಿಯಮ್ಮಿನಲ್ಲಿ ರೂತ್ ಮಾಡಿದ್ದನ್ನು ಪ್ರೇಮ ಮತ್ತು ಆಟದ ಸಿನಿಮಾ ಸಾವಿನ ನೆರಳಿಲ್ಲದೆ, ಕ್ಯಾಮೆರಾ ದೂರ ಸರಿಸದೆ ತೋರಿಸಲು 57 ವರ್ಷ ಬೇಕಾಯಿತು.

ಕೇಳಿಸಿಕೊಂಡವರ ಲೆಕ್ಕ

ಮೂರು ಚಿತ್ರಗಳನ್ನೂ ಒಟ್ಟಿಗಿಟ್ಟು ನೋಡಿದರೆ ಒಂದು ಪ್ರಶ್ನೆ ಉಳಿಯುತ್ತದೆ. ಎಲಿನರ್, ಏಡ್ರಿಯನ್, ಡೊರೊಥಿ ಮೂವರೂ ಗಂಡಸಿನ ಭಯವನ್ನು ಮಡಿಲಿಗೆ ಹಾಕಿಕೊಂಡರು. ಅವರ ಭಯವನ್ನು ಯಾರು ಹಾಕಿಕೊಂಡರು? ಎಲಿನರ್ ಗಂಡನೆದುರು ನಗುವ ನಾಟಕ ಆಡಬೇಕಾಯಿತು. ಡೊರೊಥಿ ತನ್ನ ಸಂಕಟವನ್ನು ಹೇಳಿಕೊಂಡದ್ದು ಅಕ್ಕನ ಹತ್ತಿರ. ಗಂಡಸರು ಪರಸ್ಪರ ಹೊರಬೇಕಾದ ಭಾರವನ್ನೆಲ್ಲ ಒಬ್ಬ ಹೆಂಗಸಿನ ತಲೆಯ ಮೇಲೆ ಇಳಿಸುವುದಕ್ಕೆ ನಾವು ಪ್ರೇಮ ಎಂದು ಹೆಸರಿಟ್ಟಿದ್ದೇವೆ. ಗಂಡಸು ಮೃದುವಾದರೆ ಸಾಲದು. ಆ ಮೃದುತನದ ಖರ್ಚನ್ನು ಯಾರು ಭರಿಸುತ್ತಿದ್ದಾರೆಂದೂ ನೋಡಬೇಕು.

ಕನ್ನಡದ ಹಳೆಯ ಕಾವ್ಯದಲ್ಲಿ ಇದಕ್ಕೆ ಬೇರೆ ದಾರಿ ಇತ್ತು. ಹತ್ತನೆಯ ಶತಮಾನದ ಕೊನೆಯಲ್ಲಿ ರನ್ನ ಬರೆದ ‘ಗದಾಯುದ್ಧ’ವೂ ಇಬ್ಬರು ಮಲ್ಲರ ಸೆಣಸಾಟದ ಕಥೆಯೇ. ಆ ಸೆಣಸಾಟಕ್ಕೆ ಮುಂಚೆ ದುರ್ಯೋಧನ ರಣರಂಗದಲ್ಲಿ ನಡೆಯುತ್ತ ದ್ರೋಣನನ್ನು, ಮಗನನ್ನು, ತಮ್ಮನನ್ನು, ಕೊನೆಗೆ ಗೆಳೆಯ ಕರ್ಣನನ್ನು ಕಂಡು ಗೋಳಿಡುತ್ತಾನೆ. ಶತ್ರುವಿನ ಮಗ ಅಭಿಮನ್ಯುವಿಗೂ ತಲೆಬಾಗುತ್ತಾನೆ. ಅಲ್ಲಿಯೂ ಸಾವೇ ನೆಪ, ನಿಜ. ಆದರೆ ಗಂಡಸು ಅಳುತ್ತಿರುವುದು ಗಂಡಸಿಗಾಗಿ, ಇನ್ನೊಬ್ಬ ಗಂಡಸಿನ ಎದುರಿಗೆ. ಸಂಜಯ ಪಕ್ಕದಲ್ಲೇ ಇದ್ದಾನೆ. ಹಾಗೆ ಅತ್ತವನೇ ಮುಂದೆ ಗದೆ ಹಿಡಿದು ಭೀಮನೆದುರು ನಿಲ್ಲುತ್ತಾನೆ. ಅತ್ತದ್ದರಿಂದ ಅವನ ವೀರತನಕ್ಕೆ ಒಂದು ಗುಲಗಂಜಿಯಷ್ಟೂ ಕುಂದು ಬಂತೆಂದು ಕವಿ ಎಣಿಸಲಿಲ್ಲ. ಅಳುವ ಗಂಡಸನ್ನು ನಂಬಬಾರದೆಂಬ ಗಾದೆ ರನ್ನನ ಮಟ್ಟಿಗೆ ಸುಳ್ಳು.

ಈಚೆಗೆ ಮೈದಾನಗಳಲ್ಲಿ ಗಾಳಿ ತಿರುಗಿದೆ. 2018ರಲ್ಲಿ ಬ್ಯಾಸ್ಕೆಟ್‌ಬಾಲ್ ಆಟಗಾರರಾದ ಡಿಮಾರ್ ಡಿರೋಜನ್ ತಮ್ಮ ಖಿನ್ನತೆಯ ಬಗ್ಗೆ, ಕೆವಿನ್ ಲವ್ ಪಂದ್ಯದ ನಡುವೆ ತಮ್ಮನ್ನು ಆವರಿಸಿದ ದಿಗಿಲಿನ ಬಗ್ಗೆ ಬಹಿರಂಗವಾಗಿ ಹೇಳಿಕೊಂಡರು. 2022ರ ಸೆಪ್ಟೆಂಬರಿನಲ್ಲಿ ಲಂಡನ್ನಿನಲ್ಲಿ ರೋಜರ್ ಫೆಡರರ್ ಕೊನೆಯ ಪಂದ್ಯ ಆಡಿದಾಗ, ಅವರೂ ಜೀವಮಾನದ ಎದುರಾಳಿ ರಫೇಲ್ ನಡಾಲ್ ಅವರೂ ಅಕ್ಕಪಕ್ಕ ಕುಳಿತು ಕೈ ಹಿಡಿದುಕೊಂಡು ಅತ್ತರು. ಯಾರೂ ಸತ್ತಿರಲಿಲ್ಲ. ಯಾರೂ ನಗಲಿಲ್ಲ.

ನಮ್ಮ ಮಾತಿಗೆ ಬರೋಣ. ಅಮೆರಿಕದಲ್ಲಿರುವ ನನ್ನ ತಲೆಮಾರಿನ ಕನ್ನಡ ಗಂಡಸರು ಬೇಸಿಗೆಯ ಶನಿವಾರಗಳಂದು ಕ್ರಿಕೆಟ್ ಆಡುತ್ತೇವೆ. ಯಾರ ಮೊಣಕಾಲು ಎಷ್ಟು ಸವೆದಿದೆ, ಯಾರು ಯಾವ ಎಸೆತಕ್ಕೆ ಎಡವುತ್ತಾರೆ ಎಂಬುದು ಎಲ್ಲರಿಗೂ ಗೊತ್ತು. ವೀಸಾದ ಮೇಲೆ ಇರುವವನ ಕೆಲಸ ಹೋದರೆ ಇನ್ನೊಂದು ಹುಡುಕಿಕೊಳ್ಳಲು ಸಿಗುವುದು ಹೆಚ್ಚೆಂದರೆ 60 ದಿನ. ಆ ದಿನಗಳನ್ನು ಒಬ್ಬನೇ ಎಣಿಸುತ್ತಿರುವವನು ಪಕ್ಕದಲ್ಲೇ ಸ್ಲಿಪ್‌ನಲ್ಲಿ ನಿಂತಿದ್ದರೂ ನಮಗೆ ತಿಳಿಯುವುದಿಲ್ಲ. ಊರಿನಲ್ಲಿ ಅಪ್ಪ ಹೋದ ಸುದ್ದಿ ನಡುರಾತ್ರಿ ಬಂದವನು, ಹದಿಮೂರು ದಿನದ ಕಾರ್ಯ ಮುಗಿಸಿ ಮರಳಿ ಬಂದಾಗ, ‘ಹೇಗಿದ್ದೀಯೋ’ ಎಂದರೆ ‘ಪರವಾಗಿಲ್ಲ ಕಣೋ’ ಎನ್ನುತ್ತಾನೆ. ನಾವೂ ‘ಸರಿ, ಮೊದಲ ಓವರ್ ನೀನೇ ಹಾಕು’ ಎನ್ನುತ್ತೇವೆ. ಅದರಲ್ಲಿ ಪ್ರೀತಿಯಿಲ್ಲವೆಂದಲ್ಲ. ಆ ಪ್ರೀತಿಗೆ ಬಾಯಿಲ್ಲ, ಅಷ್ಟೆ. ಬಾಯಿಲ್ಲದ್ದರಿಂದ ಅದೆಲ್ಲವೂ ರಾತ್ರಿ ಮನೆಗೆ ಹೋಗುತ್ತದೆ, ಹೆಂಡತಿಯ ಪಾಲಿಗೆ; ಎಷ್ಟೋ ಸಲ ಮಾತಾಗಿಯೂ ಅಲ್ಲ, ಮೌನವಾಗಿ, ಸಿಡುಕಾಗಿ.

ಬುಲ್ ಡರ್ಹಾಮಿನ ಆಟಗಾರರು ಗುಂಪುಗೂಡಿ ಮದುವೆಯ ಉಡುಗೊರೆಯ ಚಿಂತೆ ಹಂಚಿಕೊಂಡದ್ದನ್ನು ನೋಡಿ ನಕ್ಕವರು ನಾವು. ಓವರುಗಳ ನಡುವೆ ನಮಗೂ ಅಷ್ಟೇ ಹೊತ್ತು ಸಿಗುತ್ತದೆ. ಒಬ್ಬನ ಹೆಗಲ ಮೇಲೆ ಕೈಯಿಟ್ಟು, ‘ಪರವಾಗಿಲ್ಲ ಅನ್ನಬೇಡ, ನಿಜ ಹೇಳು’ ಎನ್ನಲು ಅಷ್ಟು ಹೊತ್ತು ಸಾಕು. ಅದಕ್ಕೆ ಯಾರೂ ಸಾಯಬೇಕಿಲ್ಲ, ಸೋಲಬೇಕಿಲ್ಲ, ಕೆಲಸ ಕಳೆದುಕೊಳ್ಳಲೂ ಬೇಕಿಲ್ಲ.